ಡ್ರಮ್ಮಿನ ನೀರು, ಘಾಟಿಯ ಏರು: ಡೀಸೆಲ್ ಕಾರಿನ ಫಿಲ್ಟರ್ ನಾವೇ ಬದಲಿಸೋದು ಹೇಗೆ?

ಬೆಳಗಿನ ಜಾವ ನಾಲ್ಕೂವರೆ. ಕಾರಿನ ಹಿಂದಿನ ಸೀಟು ಮಡಚಿ ಹನ್ನೊಂದು ಕ್ರೇಟು ತುಂಬಿದ್ದೆ. ದಂಟು, ಮೆಂತ್ಯ, ಪಾಲಕ್, ಪುದೀನ, ಜೊತೆಗೆ ಎರಡು ಕ್ರೇಟು ನಾಟಿ ಟೊಮೆಟೊ. ಗೌರಿಬಿದನೂರು ಕಡೆಯಿಂದ ಬೆಂಗಳೂರಿಗೆ ಹೋಗುವವರಿಗೆ ಗೊತ್ತು, ದೊಡ್ಡಬಳ್ಳಾಪುರ ಸೇರುವ ಮೊದಲು ಮಾಕಳಿದುರ್ಗದ ಹತ್ತಿರ ರಸ್ತೆ ಏರುತ್ತೆ. ಅಲ್ಲೀತನಕ ಸರಾಗವಾಗಿ ಬಂದ ಗಾಡಿ ಏರಿನಲ್ಲಿ ಎರಡು ಸಲ ಜಗ್ಗಿತು. ಆಕ್ಸಿಲರೇಟರ್ ಪೂರ್ತಿ ಒತ್ತಿದರೂ ಎಳೀಲಿಲ್ಲ. ಮೂರನೇ ಸಲ ಜಗ್ಗಿ, ಅಲ್ಲೇ ಆಫ್ ಆಯ್ತು.

ಮತ್ತೆ ಮತ್ತೆ ಸ್ಟಾರ್ಟ್ ಮಾಡಿದೆ. ಬ್ಯಾಟರಿ ಸುಸ್ತಾಯ್ತೇ ಹೊರತು ಎಂಜಿನ್ ಏಳಲಿಲ್ಲ. ಚಿಕ್ಕಪ್ಪನ ಮಗನಿಗೆ ಫೋನ್ ಮಾಡಿ ಎಬ್ಬಿಸಿ, ಅವನು ಟೆಂಪೊ ತಂದು, ಕ್ರೇಟು ಬದಲಾಯಿಸಿ ಬೆಂಗಳೂರು ಮುಟ್ಟುವಾಗ ಹತ್ತು ಗಂಟೆ ದಾಟಿತ್ತು. ಏಳು ಗಂಟೆಗೆ ಸೊಪ್ಪು ಬೇಕು ಅಂತ ಕಾಯುತ್ತಿದ್ದ ಮನೆಗಳಲ್ಲಿ ಅರ್ಧದಷ್ಟು ಜನ ಆಫೀಸಿಗೆ ಹೋಗಿಯಾಗಿತ್ತು. ಬಾಡಿದ ಮೆಂತ್ಯ ವಾಪಸ್ ಮನೆಗೆ ಬಂತು, ಹಸುವಿನ ಮುಂದೆ ಬಿತ್ತು. ವರ್ಷಗಟ್ಟಲೆ ಕಟ್ಟಿಕೊಂಡ ಗಿರಾಕಿಗಳ ನಂಬಿಕೆಯ ವಿಷಯ ಇದು. "ಸಾವಯವದವರು ಟೈಮಿಗೆ ಬರಲ್ಲ" ಅಂತ ಒಂದು ಸಲ ಅನ್ನಿಸಿಕೊಂಡರೆ ಆ ಮಾತು ಅಳಿಸೋದು ಕಷ್ಟ.

ದೊಡ್ಡಬಳ್ಳಾಪುರದ ಗ್ಯಾರೇಜಿಗೆ ಗಾಡಿ ಎಳೆಸಿದೆವು. ಮೆಕ್ಯಾನಿಕ್ ಅಣ್ಣ ಬಾನೆಟ್ ಎತ್ತಿ, ಡೀಸೆಲ್ ಫಿಲ್ಟರಿನ ತಳದ ತಿರುಪು ಸಡಿಲಿಸಿ, ಒಳಗಿದ್ದದ್ದನ್ನು ಒಂದು ಗಾಜಿನ ಬಾಟಲಿಗೆ ಹಿಡಿದು ಬೆಳಕಿಗೆ ತೋರಿಸಿದರು. ಮೇಲೆ ಎರಡು ಬೆರಳು ಡೀಸೆಲ್. ಕೆಳಗೆ ಮೂರು ಬೆರಳು ನೀರು. ಎರಡರ ನಡುವೆ ಪಾಚಿಯಂಥ ಕಂದು ಲೋಳೆ.

"ಸಾರ್, ಡೀಸೆಲ್ ಎಲ್ಲಿ ಹಾಕಿಸ್ತೀರಿ?"

"ಬಂಕಲ್ಲೇ ಅಣ್ಣಾ. ಆದ್ರೆ ಮೊನ್ನೆ ರಾತ್ರಿ ಟ್ಯಾಂಕ್ ಖಾಲಿ ಇತ್ತು. ಜನರೇಟರಿಗೆ ಅಂತ ತೋಟದಲ್ಲಿ ಡ್ರಮ್ ಇಟ್ಟಿದೀನಿ, ಅದರಿಂದ ಒಂದು ಕ್ಯಾನ್ ಹಾಕಿದೆ."

"ಡ್ರಮ್ ಎಲ್ಲಿದೆ? ಒಳಗಾ, ಹೊರಗಾ?"

ಹೊರಗೆ. ಪಂಪ್‌ಹೌಸಿನ ಪಕ್ಕ, ಬಯಲಲ್ಲಿ, ನೆಟ್ಟಗೆ ನಿಲ್ಲಿಸಿದ್ದೆ. ಆ ವಾರ ಮಳೆ ಬೇರೆ ಹಿಡಿದಿತ್ತು. ಇನ್ನೊಂದು ವಿಷಯ ಅವರಿಗೆ ಹೇಳೋಕೆ ನಾಚಿಕೆಯಾಯ್ತು, ನಿಮಗೆ ಹೇಳ್ತೀನಿ. ಹಿಂದಿನ ದಿನವೇ ಡ್ಯಾಶ್‌ಬೋರ್ಡಿನಲ್ಲಿ ಹಳದಿ ದೀಪ ಹತ್ತಿತ್ತು. ಫಿಲ್ಟರಿನಲ್ಲಿ ನೀರು ತುಂಬಿದೆ ಅಂತ ಹೇಳೋ ದೀಪ ಅದು. ಸೆನ್ಸರ್ ಕೆಟ್ಟಿರಬೇಕು ಅಂದ್ಕೊಂಡು ಸುಮ್ಮನಾಗಿದ್ದೆ.

ಆವತ್ತು ಟ್ಯಾಂಕ್ ಇಳಿಸಿ ತೊಳೆದು, ಹೊಸ ಫಿಲ್ಟರ್ ಹಾಕಿ ಗಾಡಿ ಕೊಟ್ಟರು. "ನಿಮ್ಮ ಅದೃಷ್ಟ, ಫಿಲ್ಟರ್ ತಡೆದಿದೆ. ಈ ನೀರು ಪಂಪು, ಇಂಜೆಕ್ಟರ್‌ವರೆಗೆ ಹೋಗಿದ್ರೆ ಈ ವರ್ಷದ ಟೊಮೆಟೊ ದುಡ್ಡೆಲ್ಲ ನನಗೇ ಕೊಡ್ಬೇಕಾಗ್ತಿತ್ತು" ಅಂದರು. ಅಲ್ಲಿಂದ ಈಚೆಗೆ ಫಿಲ್ಟರ್ ಕೆಲಸ ನಾನೇ ಕಲಿತೆ. ಒಂದು ಸಲ ಕೆಡಿಸಿಯೂ ಕಲಿತೆ. ನಮ್ಮಲ್ಲಿ ಬಹಳ ಜನ ತರಕಾರಿ ಸಾಗಿಸೋಕೆ ಹಳೇ ಡೀಸೆಲ್ ಕಾರು ಇಟ್ಟುಕೊಂಡಿದ್ದೇವೆ, ಅದಕ್ಕೇ ಈ ವಾರ ಗೊಬ್ಬರ, ಕೀಟ ಬಿಟ್ಟು ಈ ವಿಷಯ.

ಡ್ರಿಪ್ ಗೊತ್ತಿದ್ದರೆ ಇದೂ ಗೊತ್ತು

ಡ್ರಿಪ್ ಹಾಕಿದವರಿಗೆ ಫಿಲ್ಟರ್ ಅಂದರೆ ಏನು ಅಂತ ಬಿಡಿಸಿ ಹೇಳಬೇಕಾಗಿಲ್ಲ. ಸ್ಕ್ರೀನ್ ಫಿಲ್ಟರ್ ಕಟ್ಟಿದರೆ ಲೈನಿನ ಕೊನೆಯ ಗಿಡಕ್ಕೆ ನೀರು ಹೋಗಲ್ಲ. ಫಿಲ್ಟರ್ ಹರಿದರೆ ಡ್ರಿಪ್ಪರ್ ಕಟ್ಟುತ್ತೆ. ಡೀಸೆಲ್ ಗಾಡಿಯಲ್ಲೂ ಅದೇ ಕತೆ. ಟ್ಯಾಂಕ್ ನಮ್ಮ ತೊಟ್ಟಿ, ಇಂಜೆಕ್ಟರ್ ನಮ್ಮ ಡ್ರಿಪ್ಪರ್, ನಡುವೆ ಫಿಲ್ಟರ್.

ಅಳತೆ ಮಾತ್ರ ಬೇರೆ. ನಾವು ಸಾಮಾನ್ಯವಾಗಿ ಬಳಸೋ 120 ಮೆಶ್ ಡ್ರಿಪ್ ಫಿಲ್ಟರಿನ ಕಣ್ಣು ಸುಮಾರು 130 ಮೈಕ್ರಾನ್. ಒಂದು ಮೈಕ್ರಾನ್ ಅಂದರೆ ಒಂದು ಮಿಲಿಮೀಟರಿನ ಸಾವಿರದಲ್ಲೊಂದು ಭಾಗ. ತಲೆಗೂದಲು ಹತ್ತಿರ ಹತ್ತಿರ 70 ಮೈಕ್ರಾನ್ ದಪ್ಪ. ಡೀಸೆಲ್ ಫಿಲ್ಟರಿನ ಒಳಗೆ ಮಡಿಕೆ ಮಡಿಕೆಯಾಗಿರೋ ಕಾಗದ ಕೆಲವೇ ಮೈಕ್ರಾನ್ ಗಾತ್ರದ ಧೂಳನ್ನೂ ಹಿಡಿಯುತ್ತೆ, ಅಂದರೆ ಕಣ್ಣಿಗೆ ಕಾಣದ ಕೊಳೆ. ಇಂಜೆಕ್ಟರಿನ ಒಳಗಿನ ಭಾಗಗಳ ನಡುವಿನ ಸಂದು ಅಷ್ಟು ಕಿರಿದು, ಅದಕ್ಕೇ ಇಷ್ಟು ಕಟ್ಟುನಿಟ್ಟು.

ಫಿಲ್ಟರಿಗೆ ಇನ್ನೊಂದು ಕೆಲಸವೂ ಇದೆ, ನೀರು ಬೇರ್ಪಡಿಸೋದು. ಒಂದು ಲೀಟರ್ ಡೀಸೆಲ್ ಸುಮಾರು 830 ಗ್ರಾಂ ತೂಗಿದರೆ ನೀರು 1000 ಗ್ರಾಂ. ಭಾರದ ನೀರು ತಳಕ್ಕೆ ಇಳಿಯುತ್ತೆ. ಫಿಲ್ಟರಿನ ತಳದಲ್ಲಿ ಅದಕ್ಕೆಂದೇ ಜಾಗ ಇರುತ್ತೆ, ಹೆಚ್ಚಿನವಕ್ಕೆ ಹೊರಬಿಡೋ ತಿರುಪೂ ಇರುತ್ತೆ. ಡೀಸೆಲ್ಲೇ ಪಂಪಿಗೂ ಇಂಜೆಕ್ಟರಿಗೂ ಎಣ್ಣೆಯ ಕೆಲಸ ಮಾಡೋದು. ಅಲ್ಲಿಗೆ ನೀರು ಹೋದರೆ ಜಾರಿಕೆ ಹೋಗಿ ಲೋಹಕ್ಕೆ ಲೋಹ ಉಜ್ಜುತ್ತೆ, ತುಕ್ಕು ಹಿಡಿಯುತ್ತೆ. ನೀರೂ ಡೀಸೆಲ್ಲೂ ಸೇರೋ ಗೆರೆಯಲ್ಲಿ ಸೂಕ್ಷ್ಮಜೀವಿಗಳು ಬೆಳೆಯುತ್ತವೆ. ಬಾಟಲಿಯಲ್ಲಿ ಕಂಡ ಕಂದು ಲೋಳೆ ಅದೇ.

ಮೊದಲು ಗೆರೆ ಹಾಕಿಕೊಳ್ಳಿ: ಎಲ್ಲೀತನಕ ಕೈ ಹಾಕಬಹುದು?

ಇದನ್ನು ಓದದೆ ಮುಂದಕ್ಕೆ ಹೋಗಬೇಡಿ.

ಈಗಿನ ಡೀಸೆಲ್ ಕಾರುಗಳಲ್ಲಿ ಇರೋದು ಕಾಮನ್ ರೈಲ್ ಎಂಜಿನ್. ನಮ್ಮ ಡ್ರಿಪ್ ಲೈನಿನಲ್ಲಿ ಒತ್ತಡ ಸುಮಾರು 1 ಬಾರ್. ಕಾರಿನ ಟಯರಿನಲ್ಲಿ 2ರ ಆಸುಪಾಸು. ಕಾಮನ್ ರೈಲಿನಲ್ಲಿ 1,500 ಬಾರ್ ದಾಟುತ್ತೆ. ಆ ಒತ್ತಡದಲ್ಲಿ ಸೂಜಿಮೊನೆಯಷ್ಟು ತೂತಿನಿಂದ ಚಿಮ್ಮಿದ ಡೀಸೆಲ್ ಕೈಗವಸು, ಚರ್ಮ ಎರಡನ್ನೂ ತೂರಿ ಮಾಂಸದೊಳಗೆ ಹೋಗುತ್ತೆ. ಹೊರಗೆ ಮುಳ್ಳು ಚುಚ್ಚಿದಷ್ಟೇ ಗುರುತು, ನೋವೂ ಮೊದಲು ಕಡಿಮೆ. ಒಳಗೆ ಮಾತ್ರ ಕೊಳೆಯೋಕೆ ಶುರು. ಹಾಗೇನಾದರೂ ಆದರೆ ಅರಿಶಿನ ಹಚ್ಚಿಕೊಂಡು ಮನೆಯಲ್ಲಿ ಕೂರಬೇಡಿ. ತಕ್ಷಣ ದೊಡ್ಡ ಆಸ್ಪತ್ರೆಗೆ ಹೋಗಿ, "ಹೈ ಪ್ರೆಶರ್ ಡೀಸೆಲ್ ಚರ್ಮದೊಳಗೆ ಹೋಗಿದೆ" ಅಂತ ಬಾಯಿಬಿಟ್ಟು ಹೇಳಿ. ಗಂಟೆಗಳ ಲೆಕ್ಕದಲ್ಲಿ ಬೆರಳು ಉಳಿಯೋದು, ಹೋಗೋದು ನಿರ್ಧಾರ ಆಗುತ್ತೆ.

ಹಾಗಾಗಿ ಗೆರೆ ಇದು: ಟ್ಯಾಂಕಿನಿಂದ ಫಿಲ್ಟರ್, ಫಿಲ್ಟರಿನಿಂದ ಪಂಪಿನವರೆಗಿನ ರಬ್ಬರ್ ಅಥವಾ ಪ್ಲಾಸ್ಟಿಕ್ ಪೈಪಿನ ಕಡೆ ನಮ್ಮ ಕೆಲಸ. ಪಂಪಿನಿಂದ ಇಂಜೆಕ್ಟರಿಗೆ ಹೋಗೋ ಗಟ್ಟಿ ಸ್ಟೀಲ್ ಪೈಪುಗಳನ್ನು ಮುಟ್ಟೋದೇ ಬೇಡ. ಹಳೇ ಟ್ರಾಕ್ಟರಿನಲ್ಲಿ ಇಂಜೆಕ್ಟರ್ ನಟ್ಟು ಸಡಿಲಿಸಿ ಏರ್ ತೆಗೆಯೋದನ್ನು ನೋಡಿರ್ತೀರಿ. ಆ ಅಭ್ಯಾಸ ಕಾಮನ್ ರೈಲ್ ಗಾಡಿಗೆ ತರಬೇಡಿ.

ಇನ್ನು ಕೆಲವು ಗಾಡಿಗಳನ್ನು ಗ್ಯಾರೇಜಿಗೇ ಬಿಡಿ. ವಾರಂಟಿ ಇನ್ನೂ ಇದ್ದರೆ, ಫಿಲ್ಟರ್ ಗಾಡಿಯ ಅಡಿಯಲ್ಲಿದ್ದು ಜಾಕ್ ಮೇಲೆ ಎತ್ತಿ ನುಗ್ಗಬೇಕಿದ್ದರೆ, ಏರ್ ತೆಗೆಯೋಕೆ ಸ್ಕ್ಯಾನರ್ ಬೇಕು ಅಂತ ಕೈಪಿಡಿ ಹೇಳಿದ್ದರೆ ನೀವು ಕೈ ಹಾಕಬೇಡಿ. ಎಷ್ಟು ಕಿಲೋಮೀಟರಿಗೆ ಬದಲಿಸಬೇಕು ಅನ್ನೋದೂ ಒಂದೊಂದು ಗಾಡಿಗೆ ಒಂದೊಂದು ಥರ. ಕೈಪಿಡಿಯಲ್ಲಿ ಬರೆದದ್ದೇ ಕೊನೆ ಮಾತು. ಆದರೆ ಧೂಳಿನ ದಾರಿ, ಕ್ಯಾನಿನ ಡೀಸೆಲ್ ನಮ್ಮ ಪಾಡು ಆದ್ದರಿಂದ ಆ ಲೆಕ್ಕಕ್ಕಿಂತ ಸ್ವಲ್ಪ ಮೊದಲೇ ಬದಲಿಸೋದು ಒಳ್ಳೇದು.

ಫಿಲ್ಟರ್ ಕಟ್ಟಿದೆ ಅಂತ ಗೊತ್ತಾಗೋದು ಹೇಗೆ?

ಬೆಳಗ್ಗೆ ಸ್ಟಾರ್ಟ್ ಆಗೋಕೆ ಮೊದಲಿಗಿಂತ ಹೊತ್ತು ಹಿಡಿಯುತ್ತೆ. ಖಾಲಿ ಗಾಡಿ, ಸಮತಟ್ಟು ರಸ್ತೆಯಲ್ಲಿ ಏನೂ ಗೊತ್ತಾಗಲ್ಲ. ಲೋಡ್ ಹಾಕಿ ಏರು ಹತ್ತಿಸಿದಾಗ ಎಳೀಲ್ಲ, ಜಗ್ಗುತ್ತೆ. ಎಂಜಿನ್ ಹೆಚ್ಚು ಡೀಸೆಲ್ ಕೇಳೋದು ಅಲ್ಲೇ, ಕಟ್ಟಿದ ಫಿಲ್ಟರ್ ಕೊಡೋಕೆ ಆಗದಿರೋದೂ ಅಲ್ಲೇ. ಡ್ರಿಪ್ಪಿನಲ್ಲಿ ಒಂದು ಗೇಟ್ ವಾಲ್ವ್ ತೆರೆದರೆ ಎಲ್ಲ ಸರಿ, ನಾಲ್ಕೂ ತೆರೆದಾಗಲೇ ಒತ್ತಡ ಬೀಳುತ್ತಲ್ಲ, ಹಾಗೆ. ಇನ್ನು ಹಳದಿ ದೀಪ ಹತ್ತಿದರೆ ಸೆನ್ಸರನ್ನು ಬೈಯೋ ಮೊದಲು ತಳದ ನೀರು ಬಿಟ್ಟು ನೋಡಿ.

ಇದೇ ಲಕ್ಷಣ ಬೇರೆ ಕಾರಣಕ್ಕೂ ಬರಬಹುದು. ಹೊಸ ಫಿಲ್ಟರ್ ಹಾಕಿದ ಮೇಲೂ ಎಳೀಲಿಲ್ಲ ಅಂದರೆ ಮೆಕ್ಯಾನಿಕ್ ಹತ್ತಿರ ಹೋಗಿ. ಇಡೀ ಟ್ಯಾಂಕಿಗೆ ನೀರು ಬಿದ್ದಿದ್ದರೆ ಫಿಲ್ಟರ್ ಮಾತ್ರ ಬದಲಿಸಿ ಪ್ರಯೋಜನವಿಲ್ಲ, ಟ್ಯಾಂಕ್ ಖಾಲಿ ಮಾಡಿಸಲೇಬೇಕು.

ಏನೇನು ಬೇಕು

ನಿಮ್ಮ ಗಾಡಿಯ ಮಾಡೆಲ್, ವರ್ಷ ಹೇಳಿ ತಂದ ಸರಿಯಾದ ಫಿಲ್ಟರ್, ಅದರ ಜೊತೆ ಹೊಸ ಓ-ರಿಂಗ್. ಆರ್‌ಸಿ ಕಾರ್ಡಿನ ಫೋಟೊ ತೋರಿಸಿದರೆ ಅಂಗಡಿಯವರಿಗೆ ಸುಲಭ. ಕಡಿಮೆ ರೇಟಿನ ನಕಲಿ ಫಿಲ್ಟರ್ ಬೇಡ. ನಕಲಿ ಬಿತ್ತನೆ ಬೀಜದ ಪಾಡು ಕಂಡ ನಮಗೆ ಇದನ್ನು ಹೆಚ್ಚು ಹೇಳಬೇಕಿಲ್ಲ. ಸ್ಪ್ಯಾನರ್, ಸ್ಕ್ರೂ ಡ್ರೈವರ್, ಇಕ್ಕಳ. ಅಗಲ ಬಾಯಿಯ ಡಬ್ಬಿ, ಗಾಜಿನ ಬಾಟಲಿ. ನೂಲು ಉದುರದ ಬಟ್ಟೆ. ರಬ್ಬರ್ ಕೈಗವಸು, ಕಣ್ಣಿಗೆ ಕನ್ನಡಕ. ಒಂದು ಬುಟ್ಟಿ ಒಣ ಮರಳು ಅಥವಾ ಮರದ ಹೊಟ್ಟು.

ಕೆಲಸ: ಒಂದೊಂದೇ ಹೆಜ್ಜೆ

1. ಎಂಜಿನ್ ಪೂರ್ತಿ ತಣ್ಣಗಾಗಲಿ. ನಾನು ಸಂಜೆ ನಿಲ್ಲಿಸಿ ಬೆಳಗ್ಗೆ ಕೆಲಸ ಹಿಡೀತೀನಿ. ಸಮತಟ್ಟು ಜಾಗ, ಗಾಳಿಯಾಡೋ ಜಾಗ, ಹ್ಯಾಂಡ್‌ಬ್ರೇಕ್. ಬೀಡಿ, ಸಿಗರೇಟು, ಒಲೆ ಹತ್ತಿರ ಬೇಡ. ಡೀಸೆಲ್ ಪೆಟ್ರೋಲಿನಷ್ಟು ಬೇಗ ಹೊತ್ತಲ್ಲ ನಿಜ, ಆದರೆ ಹೊತ್ತುತ್ತೆ. ಬ್ಯಾಟರಿಯ ಮೈನಸ್ ಕಡೆ ವೈರ್ ಬಿಚ್ಚಿಡಿ.

2. ಫಿಲ್ಟರಿನ ಸುತ್ತ ಇರೋ ಧೂಳು, ಮಣ್ಣು ಮೊದಲೇ ಒರೆಸಿ. ಪೈಪ್ ಬಿಚ್ಚಿದ ಮೇಲೆ ಒರೆಸಿದರೆ ಆ ಮಣ್ಣು ಒಳಗೇ ಬೀಳೋದು.

3. ಮೊಬೈಲಿನಲ್ಲಿ ಮೂರು ನಾಲ್ಕು ಕಡೆಯಿಂದ ಫೋಟೊ ತೆಗೀರಿ. ಯಾವ ಪೈಪ್ ಎಲ್ಲಿತ್ತು, ಬಾಣದ ಗುರುತು ಯಾವ ಕಡೆ ಇತ್ತು, ಕ್ಲಿಪ್ ಹೇಗಿತ್ತು. ನೆನಪಿಟ್ಟುಕೊಳ್ತೀನಿ ಅಂತ ಅಂದುಕೊಳ್ಳಬೇಡಿ.

4. ಫಿಲ್ಟರಿನ ಕೆಳಗೆ ಆಲ್ಟರ್ನೇಟರ್, ಬೆಲ್ಟ್ ಇದ್ದರೆ ಪ್ಲಾಸ್ಟಿಕ್ ಹಾಳೆ ಮುಚ್ಚಿ. ಡೀಸೆಲ್ ರಬ್ಬರನ್ನು ಹಾಳು ಮಾಡುತ್ತೆ.

5. ತಳದ ತಿರುಪು ಸಡಿಲಿಸಿ ಒಳಗಿನದ್ದನ್ನು ಗಾಜಿನ ಬಾಟಲಿಗೆ ಬಿಡಿ. ಅರ್ಧ ಗಂಟೆ ಅಲುಗಾಡಿಸದೆ ಇಡಿ. ತಳದಲ್ಲಿ ಗೆರೆ ಕಂಡರೆ ನೀರು. ಗಾಡಿಯ ಆರೋಗ್ಯ ಹೇಳೋ ಪರೀಕ್ಷೆ ಇದು, ಮಣ್ಣು ಪರೀಕ್ಷೆ ಇದ್ದ ಹಾಗೆ.

6. ಸೆನ್ಸರಿನ ವೈರ್ ಸಾಕೆಟ್ ಬಿಚ್ಚಿ. ಆಮೇಲೆ ಪೈಪುಗಳು. ಪ್ಲಾಸ್ಟಿಕ್ ಕ್ಲಿಪ್ ಇದ್ದರೆ ಎರಡೂ ಕಡೆ ಒತ್ತಿ ಎಳೆಯಬೇಕು. ಬಲ ಹಾಕಿ ತಿರುಚಿದರೆ ಮುರಿಯುತ್ತೆ, ಮುರಿದರೆ ಆವತ್ತಿನ ಕೆಲಸ ಅಲ್ಲಿಗೆ ನಿಂತ ಹಾಗೆ. ಬಿಚ್ಚಿದ ಪೈಪಿನ ಬಾಯಿಗೆ ಶುದ್ಧ ಪ್ಲಾಸ್ಟಿಕ್ ಸುತ್ತಿ ರಬ್ಬರ್ ಬ್ಯಾಂಡ್ ಹಾಕಿ.

7. ಹಳೇ ಫಿಲ್ಟರ್ ತೆಗೆದು, ಅದರ ತಳದ ಸೆನ್ಸರ್ ಬಿಚ್ಚಿ ಹೊಸದಕ್ಕೆ ಹಾಕಿ. ಓ-ರಿಂಗ್ ಹೊಸದೇ ಇರಬೇಕು, ಅದಕ್ಕೆ ಶುದ್ಧ ಡೀಸೆಲ್ ಒಂದಿಷ್ಟು ಸವರಿ. ಒಣ ರಿಂಗ್ ತಿರುಚಿಕೊಳ್ಳುತ್ತೆ. ಕೈಯಲ್ಲಿ ಬಿಗಿ ಮಾಡಿ, ಆಮೇಲೆ ಕೈಪಿಡಿ ಹೇಳಿದಷ್ಟೇ. ಪ್ಲಾಸ್ಟಿಕ್ ಎಳೆಗೆ ಟ್ರಾಕ್ಟರ್ ಬೋಲ್ಟಿನ ಬಲ ಹಾಕಬೇಡಿ.

8. ಬಾಣದ ಗುರುತು ನೋಡಿ, ಫೋಟೊ ನೋಡಿ, ಪೈಪುಗಳನ್ನು ಜೋಡಿಸಿ. "ಟಕ್" ಅನ್ನೋ ಸದ್ದು ಬರಬೇಕು. ಸೆನ್ಸರ್ ಸಾಕೆಟ್, ಆಮೇಲೆ ಬ್ಯಾಟರಿ ವೈರ್.

ಏರ್ ತೆಗೆಯೋದು

ಇದೇ ಮುಖ್ಯ ಕೆಲಸ. ಬಾವಿಗೆ ಮೋಟರ್ ಇಟ್ಟವರಿಗೆ ಗೊತ್ತು, ಪಂಪಿಗೆ ನೀರು ತುಂಬಿ ಗಾಳಿ ಹೊರಗೆ ಹಾಕದಿದ್ದರೆ ಎಷ್ಟು ತಿರುಗಿದರೂ ನೀರು ಎತ್ತಲ್ಲ. ಹೊಸ ಫಿಲ್ಟರಿನ ಒಳಗೂ ಬರೀ ಗಾಳಿ.

ನನ್ನ ಗಾಡಿಯಲ್ಲಿ ಪೈಪಿನ ನಡುವೆ ರಬ್ಬರಿನ ಕೈ ಪಂಪ್ ಇದೆ. ಬಿ.ಪಿ. ನೋಡೋ ಡಾಕ್ಟರ ಕೈಯಲ್ಲಿರುತ್ತಲ್ಲ, ಆ ಥರದ್ದು. ಅದನ್ನು ಹಿಸುಕುತ್ತಾ ಹೋದರೆ ಮೊದಮೊದಲು ಮೆತ್ತಗಿರುತ್ತೆ, ಡೀಸೆಲ್ ತುಂಬಿದ ಹಾಗೆ ಗಟ್ಟಿಯಾಗುತ್ತೆ. ಏರ್ ತೆಗೆಯೋ ತಿರುಪು ಇದ್ದರೆ ಅದನ್ನು ಸ್ವಲ್ಪ ಸಡಿಲಿಸಿ, ಗುಳ್ಳೆಯಿಲ್ಲದ ಡೀಸೆಲ್ ಬರೋತನಕ ಹಿಸುಕಿ, ಬಿಗಿ ಮಾಡಬೇಕು. ಟ್ಯಾಂಕಿನ ಒಳಗೇ ಕರೆಂಟಿನ ಪಂಪ್ ಇರೋ ಗಾಡಿಗಳಲ್ಲಿ ಕೈ ಪಂಪ್ ಇರದೇ ಇರಬಹುದು. ಅಲ್ಲಿ ಸ್ಟಾರ್ಟ್ ಮಾಡದೆ ಕೀ ಆನ್ ಮಾಡಿ ಕೆಲವು ಸೆಕೆಂಡ್ ಬಿಟ್ಟು ಆಫ್ ಮಾಡಿ, ಹೀಗೆ ನಾಲ್ಕೈದು ಸಲ. ನಿಮ್ಮದು ಯಾವ ಥರ ಅಂತ ಕೈಪಿಡಿಯಲ್ಲಿ ನೋಡಿಕೊಳ್ಳಿ.

ಬೇಗ ಆಗಲಿ ಅಂತ ಹೊಸ ಫಿಲ್ಟರಿನ ಹೊರಹೋಗೋ ಬಾಯಿಗೆ ಕ್ಯಾನಿನಿಂದ ಡೀಸೆಲ್ ಸುರಿಯೋ ಅಭ್ಯಾಸ ಕೆಲವರಿಗಿದೆ. ಸೋಸದ ಡೀಸೆಲ್ ಸೋಸಿದ ಕಡೆಗೆ ಹೋದರೆ ಅದರ ಕೊಳೆ ನೇರ ಪಂಪಿಗೆ, ಇಂಜೆಕ್ಟರಿಗೆ ಹೋಗುತ್ತೆ. ಡ್ರಿಪ್ ಫಿಲ್ಟರಿನ ಆಚೆ ಕಡೆ ಕೆರೆ ನೀರು ಬಿಟ್ಟ ಹಾಗೆ.

ಆಮೇಲೆ ಸ್ಟಾರ್ಟ್. ಒಂದು ಸಲಕ್ಕೆ 10-15 ಸೆಕೆಂಡಿಗಿಂತ ಹೆಚ್ಚು ಸೆಲ್ಫ್ ಹೊಡೀಬೇಡಿ, ನಡುವೆ ಒಂದು ನಿಮಿಷ ಬಿಡಿ. ಏಳದಿದ್ದರೆ ಮತ್ತೆ ಏರ್ ತೆಗೀರಿ. ಎಂಜಿನ್ ಎದ್ದ ಮೇಲೆ ಐದು ಹತ್ತು ನಿಮಿಷ ನಿಧಾನಕ್ಕೆ ಓಡಿಸಿ, ಟಾರ್ಚ್ ಹಿಡಿದು ಕಣ್ಣಿನಿಂದಷ್ಟೇ ಸೋರಿಕೆ ನೋಡಿ. ಓಡ್ತಿರೋ ಎಂಜಿನ್ ಮೇಲೆ ಕೈ ಸವರಿ ಹುಡುಕಬೇಡಿ. ಕಿಲೋಮೀಟರ್ ಓದನ್ನು ಫಿಲ್ಟರಿನ ಮೇಲೆ ಮಾರ್ಕರಿನಲ್ಲಿ ಬರೆದಿಡಿ.

ನಾನು ಕೆಡಿಸಿದ್ದು

ಮೊದಲ ಸಲ ನಾನೇ ಬದಲಿಸಿದಾಗ ಗಾಡಿ ಒಂದೇ ಏಟಿಗೆ ಎದ್ದಿತು. ಮೀಸೆ ತಿರುವಿಕೊಂಡು ಮೂರು ಕಿಲೋಮೀಟರ್ ಹೋದೆ, ಆಫ್ ಆಯ್ತು. ಕೈ ಪಂಪ್ ಹಿಸುಕಿದರೆ ಏಳುತ್ತೆ, ಸ್ವಲ್ಪ ಹೋದರೆ ಮತ್ತೆ ಆಫ್. ಎಲ್ಲಿ ನೋಡಿದರೂ ಒಂದು ಹನಿ ಸೋರಿಕೆ ಕಾಣಲ್ಲ. ಮೆಕ್ಯಾನಿಕ್ ಅಣ್ಣನಿಗೆ ಫೋನ್ ಮಾಡಿದೆ.

"ತಮ್ಮಾ, ಸೆನ್ಸರಿಗೆ ಹೊಸ ರಿಂಗ್ ಹಾಕಿದ್ಯಾ?"

ಹಾಕಿರಲಿಲ್ಲ. ಹಳೇದು ಚೆನ್ನಾಗೇ ಇದೆ ಅಂತ ಅದನ್ನೇ ಹಾಕಿದ್ದೆ. ಹೊಸದು ಪೊಟ್ಟಣದಲ್ಲೇ ಇತ್ತು.

"ಡೀಸೆಲ್ ಹೊರಗೆ ಸೋರಲ್ಲಪ್ಪ, ಗಾಳಿ ಒಳಗೆ ಹೋಗುತ್ತೆ. ಪಂಪು ಎಳೀತಾ ಇರುತ್ತಲ್ಲ."

ಸಕ್ಷನ್ ಪೈಪಿನಲ್ಲಿ ಕೂದಲೆಳೆ ಬಿರುಕಿದ್ದರೆ ಮೋಟರ್ ನೀರು ಬಿಡೋದು ಇದೇ ಕಾರಣಕ್ಕೆ. ಬಾವಿ ಹತ್ತಿರ ಸಾವಿರ ಸಲ ಕಂಡದ್ದು ಕಾರಿನ ಬಾನೆಟ್ ಕೆಳಗೆ ಹೊಳೆದಿರಲಿಲ್ಲ. ಹೊಸ ರಿಂಗ್ ಹಾಕಿದೆ, ಸರಿಹೋಯಿತು.

ಎರಡನೇ ತಪ್ಪು ಇದಕ್ಕಿಂತ ದೊಡ್ಡದು. ಕೆಲಸ ಮುಗಿಸಿ ಸೋಪಿನಲ್ಲಿ ಕೈ ತೊಳೆದು, ಅದೇ ಅಂಗಿಯಲ್ಲಿ ಮಾರನೇ ದಿನದ ಪುದೀನ ಕಟ್ಟು ಕಟ್ಟಿದೆ. ಬೆಳಗ್ಗೆ ಒಬ್ಬ ಅಮ್ಮ ಫೋನ್ ಮಾಡಿದರು. "ಯಾಕೋ ಪುದೀನದಲ್ಲಿ ಡೀಸೆಲ್ ವಾಸನೆ ಬರ್ತಿದೆಯಪ್ಪ, ನೀವು ಔಷಧಿ ಹೊಡೆಯಲ್ಲ ಅಂತಲೇ ತಾನೆ ನಿಮ್ಮ ಹತ್ರ ತಗೊಳ್ಳೋದು?" ಬಾಯಿ ಬರಲಿಲ್ಲ. ಆವತ್ತಿನ ಪುದೀನದ ದುಡ್ಡು ಯಾರ ಹತ್ತಿರವೂ ತಗೊಳ್ಳಲಿಲ್ಲ. ಈಗ ಫಿಲ್ಟರ್ ಕೆಲಸ ಇರೋ ದಿನ ಸೊಪ್ಪು ಕೊಯ್ಯಲ್ಲ, ಕಟ್ಟಲ್ಲ. ಆ ಬಟ್ಟೆಯೇ ಬೇರೆ, ಕ್ರೇಟು ಇಡೋ ಜಾಗವೇ ಬೇರೆ. ಕಾರಿನಲ್ಲಿ ಡೀಸೆಲ್ ಕ್ಯಾನೂ ಸೊಪ್ಪೂ ಒಟ್ಟಿಗೆ ಹೋಗೋ ಮಾತೇ ಇಲ್ಲ.

ಹಳೇ ಡೀಸೆಲ್ ಏನು ಮಾಡ್ತೀರಿ?

"ಬೇಲಿ ಬುಡಕ್ಕೆ ಸುರಿ, ಗೆದ್ದಲು ಸಾಯುತ್ತೆ" ಅಂತ ನಮ್ಮೂರಲ್ಲೂ ಹೇಳ್ತಾರೆ. ದಯವಿಟ್ಟು ಬೇಡ. ಡೀಸೆಲ್ ಮಣ್ಣಿನ ಕಣಕ್ಕೆ ಮೆತ್ತಿಕೊಂಡರೆ ಅದು ನೀರು ಹೀರೋದೇ ಕಡಿಮೆಯಾಗುತ್ತೆ. ಗೆದ್ದಲಿನ ಜೊತೆ ಎರೆಹುಳವೂ ಸಾಯುತ್ತೆ. ಬೀಜ ಮೊಳೆಯಲ್ಲ. ಮರಳು ಮಣ್ಣಾದರೆ ಇಳಿದು ಬಾವಿ ನೀರಿಗೂ ಸೇರಬಹುದು. ವರ್ಷಗಟ್ಟಲೆ ಜೀವಾಮೃತ ಹಾಕಿ ಕಟ್ಟಿದ ಮಣ್ಣನ್ನು ಅರ್ಧ ಲೀಟರ್ ಡೀಸೆಲ್‌ಗೆ ಬಲಿಕೊಡೋದು ಯಾಕೆ?

ಬಸಿದ ಡೀಸೆಲ್‌ಅನ್ನು ಹೆಸರು ಬರೆದ ಮುಚ್ಚಳದ ಕ್ಯಾನಿನಲ್ಲಿ ಹಾಕಿ, ಮಕ್ಕಳ ಕೈಗೆ ಸಿಗದ ಕಡೆ ಇಡಿ. ಕುಡಿಯೋ ನೀರಿನ ಬಾಟಲಿಯಲ್ಲಂತೂ ಬೇಡವೇ ಬೇಡ. ಹಳೇ ಫಿಲ್ಟರನ್ನು ಡಬ್ಬಿಯ ಮೇಲೆ ರಾತ್ರಿಯಿಡೀ ಬೋರಲು ಹಾಕಿ ಬಸಿಯೋಕೆ ಬಿಡಿ. ಎರಡನ್ನೂ ಹಳೇ ಎಂಜಿನ್ ಆಯಿಲ್ ಸಂಗ್ರಹಿಸಿ ಕೊಡೋ ಗ್ಯಾರೇಜಿಗೆ ತಲುಪಿಸಿ. ಮೆಕ್ಯಾನಿಕ್ ಜೊತೆ ಒಂದು ಟೀ ಕುಡಿದ ಹಾಗೂ ಆಗುತ್ತೆ, ಗೊತ್ತಿಲ್ಲದ್ದು ಕೇಳಿದ ಹಾಗೂ ಆಗುತ್ತೆ. ಸುಡಬೇಡಿ, ಚರಂಡಿಗೂ ಬಿಡಬೇಡಿ.

ನೆಲಕ್ಕೆ ಚೆಲ್ಲಿದರೆ ನೀರು ಹಾಕಿ ತೊಳೆಯಬಾರದು, ಹರಡುತ್ತೆ. ಒಣ ಮರಳು, ಮರದ ಹೊಟ್ಟು ಹಾಕಿ ಹೀರಿಸಿ ಬಾಚಿ, ಆ ಹೊಟ್ಟನ್ನೂ ಕ್ಯಾನಿನ ಜೊತೆಗೇ ಇಡಿ. ಗೊಬ್ಬರದ ಗುಂಡಿಗೆ ಹಾಕಬೇಡಿ. ಮಣ್ಣಿಗೇ ಇಳಿದಿದ್ದರೆ ಒದ್ದೆಯಾದಷ್ಟು ಮಣ್ಣು ಅಗೆದು ತೆಗೀರಿ.

ರೋಗ ಬರೋ ಮೊದಲು: ಡ್ರಮ್ ನೋಡಿ

ನನ್ನ ಡ್ರಮ್ಮಿಗೆ ನೀರು ಹೋದದ್ದು ಹೇಗೆ? ಮುಚ್ಚಳ ಬಿಗಿಯಾಗೇ ಇತ್ತು. ನೆಟ್ಟಗೆ ನಿಂತ ಡ್ರಮ್ಮಿನ ತಲೆಯ ಮೇಲೆ, ಅಂಚಿನೊಳಗೆ, ಮಳೆ ನೀರು ನಿಲ್ಲುತ್ತೆ. ಹಗಲು ಬಿಸಿಲಿಗೆ ಒಳಗಿನ ಗಾಳಿ ಹಿಗ್ಗಿ ಮುಚ್ಚಳದ ಎಳೆಯಿಂದ ಹೊರಹೋಗುತ್ತೆ. ರಾತ್ರಿ ತಂಪಿಗೆ ಕುಗ್ಗಿ ಹೊರಗಿನದ್ದನ್ನು ಒಳಗೆ ಎಳೆಯುತ್ತೆ. ಮುಚ್ಚಳದ ಸುತ್ತ ನೀರು ನಿಂತಿದ್ದರೆ ಎಳೆದುಕೊಳ್ಳೋದು ನೀರನ್ನೇ. ಡ್ರಮ್ ಉಸಿರಾಡುತ್ತೆ ಅಂತ ನನಗೆ ಆವತ್ತು ಗೊತ್ತಾಯ್ತು.

ಈಗ ನನ್ನ ಡ್ರಮ್ ಸೂರಿನ ಕೆಳಗಿದೆ, ನೆರಳಲ್ಲಿದೆ, ಇಟ್ಟಿಗೆ ಕೊಟ್ಟು ಒಂದು ಕಡೆಗೆ ವಾಲಿಸಿದ್ದೇನೆ. ನೀರು, ಕೊಳೆ ತಗ್ಗಿನ ಮೂಲೆಗೆ ಇಳಿಯುತ್ತೆ. ನಾನು ಎಳೆಯೋದು ಎತ್ತರದ ಕಡೆಯಿಂದ, ತಳದಿಂದ ಗೇಣು ಮೇಲಕ್ಕೆ ಪೈಪ್ ಬಿಟ್ಟು. ಹೊಸ ಡೀಸೆಲ್ ತಂದು ಸುರಿದ ದಿನವೇ ಬಳಸಲ್ಲ, ಒಂದು ದಿನ ತಣ್ಣಗೆ ಕೂರೋಕೆ ಬಿಡ್ತೀನಿ. ಸತುವಿನ ಲೇಪದ ತಗಡಿನ ಡಬ್ಬಿ, ಬಕೆಟ್ ಡೀಸೆಲ್‌ಗೆ ಬಳಸಲ್ಲ. ಸತು ಡೀಸೆಲ್‌ಗೆ ಬಿಟ್ಟುಕೊಂಡು ಇಂಜೆಕ್ಟರಿಗೆ ತೊಂದರೆ ಕೊಡುತ್ತೆ. ಕೀಟನಾಶಕದ, ಗೊಬ್ಬರದ ಹಳೇ ಕ್ಯಾನ್ ಕೂಡ ಬೇಡ. ಇನ್ನು ಕಾರಿನ ಟ್ಯಾಂಕ್ ಸದಾ ಕಾಲು ಭಾಗದಲ್ಲೇ ಓಡಿಸಬೇಡಿ. ಖಾಲಿ ಜಾಗದ ಗಾಳಿಯಲ್ಲಿರೋ ತೇವ ಚಳಿಯ ರಾತ್ರಿ ಹನಿಯಾಗಿ ಡೀಸೆಲ್‌ಗೆ ಇಳಿಯುತ್ತೆ. ಸಂಜೆಯೇ ತುಂಬಿಸಿ ನಿಲ್ಲಿಸೋದು ಒಳ್ಳೇದು.

ಮುಖ್ಯವಾಗಿ, ಡ್ರಮ್ಮಿನ ಡೀಸೆಲ್ ಈಗ ಜನರೇಟರಿಗೆ ಮಾತ್ರ. ಕಾರಿಗೆ ಬಂಕಿನದ್ದೇ.

ಈ ವಾರದ ಕೆಲಸ

ಫಿಲ್ಟರ್ ಬದಲಿಸೋದು ಮುಂದಿನ ತಿಂಗಳು ನೋಡೋಣ. ಈ ಭಾನುವಾರ ಎರಡೇ ಕೆಲಸ ಮಾಡಿ. ಕೈಪಿಡಿ ತೆಗೆದು ನಿಮ್ಮ ಗಾಡಿಯ ಫಿಲ್ಟರ್ ಎಲ್ಲಿದೆ, ಎಷ್ಟು ಕಿಲೋಮೀಟರಿಗೆ ಬದಲಿಸಬೇಕು ಅಂತ ಮೊಬೈಲಿನಲ್ಲಿ ಬರೆದಿಟ್ಟುಕೊಳ್ಳಿ. ತಳದ ತಿರುಪು ಕೈಗೆ ಸಿಗೋ ಹಾಗಿದ್ದರೆ ತಣ್ಣನೆ ಎಂಜಿನ್ನಿನಲ್ಲಿ ಒಂದಿಷ್ಟು ಬಾಟಲಿಗೆ ಬಿಟ್ಟು ನೋಡಿ. ಬಿಗಿ ಮಾಡಿದ ಮೇಲೆ, ಕೈ ಪಂಪ್ ಇದ್ದರೆ, ನಾಲ್ಕು ಸಲ ಹಿಸುಕಿ.

ನನ್ನ ಬಾಟಲಿ ಪಂಪ್‌ಹೌಸಿನ ಕಿಟಕಿಯಲ್ಲಿದೆ. ತಿಂಗಳಿಗೊಂದು ಸಲ ಅದಕ್ಕೆ ಒಂದಿಷ್ಟು ಬಿಟ್ಟು ಬೆಳಕಿಗೆ ಹಿಡೀತೀನಿ. ಹೋದ ವಾರ ನೋಡಿದಾಗ ತಳದವರೆಗೂ ಒಂದೇ ಬಣ್ಣ, ನಡುವೆ ಗೆರೆ ಇರಲಿಲ್ಲ. ಮಾರನೇ ದಿನ ನಾಲ್ಕೂವರೆಗೆ ಹನ್ನೆರಡು ಕ್ರೇಟು ಹಾಕಿಕೊಂಡು ಮಾಕಳಿಯ ಏರು ಹತ್ತಿದೆ. ಏಳಕ್ಕೆ ಮೊದಲೇ ಮೆಂತ್ಯ ಮನೆ ಬಾಗಿಲಲ್ಲಿತ್ತು.